ಒಂದು ಗಂಟೆಯ ಕೈಗವಸು

ಉಕ್ಕಿಗೆ ತೂತು ಕೊರೆಯಲು ಬಾರದವರು ಮೊದಲು ಮಾಡುವ ಕೆಲಸವೆಂದರೆ ಹಗೆ ತೀರಿಸಿಕೊಳ್ಳುವವರ ಹಾಗೆ ಒತ್ತುವುದು. ಡ್ರಿಲ್ಲಿಂಗ್ ಮಷಿನ್ನಿನಲ್ಲಿ ತೂತು ಕೊರೆಯುವ ಬಿಟ್ ಕಿರುಚುತ್ತದೆ, ಹೊಗೆ ಏಳುತ್ತದೆ, ತುದಿ ನೀಲಿಗಟ್ಟುತ್ತದೆ, ಕೊನೆಗೆ ಟಣ್ಣೆಂದು ಮುರಿಯುತ್ತದೆ. ಆಮೇಲೆ ಬಿಟ್ ಸರಿಯಿಲ್ಲವೆಂದು ಸ್ಟೋರಿನವನನ್ನು ಬೈಯುವುದಂತೂ ಇದ್ದೇ ಇದೆ. ಫೋರ್‌ಮನ್ ಕೂಡ ಹದಿನೈದು ವರ್ಷದ ಹಿಂದೆ ಹೀಗೇ ಶುರು ಮಾಡಿದ್ದ. ಆಗ ಅವನು ಫೋರ್‌ಮನ್ ಆಗಿರಲಿಲ್ಲ, ಅಕ್ಕನ ಗಂಡನ ಬಾಲ ಹಿಡಿದುಕೊಂಡು ಕಾರ್ಖಾನೆಯ ಗೇಟು ದಾಟಿದ ಹೊಸಬ, ಅಷ್ಟೇ. ಮೊದಲ ವಾರದಲ್ಲೇ ಆರು ಬಿಟ್ ಮುರಿದ. ಏಳನೆಯದನ್ನು ಮುರಿಯುವ ಮೊದಲು ಭಾವ ಬಂದು, ಬಿಟ್ ಇಳಿಸುವ ಲಿವರ್ ಮೇಲಿದ್ದ ಅವನ ಕೈಯನ್ನು ಎತ್ತಿ ಪಕ್ಕಕ್ಕಿಟ್ಟರು.

"ಅಲ್ಲ, ಈ ಪ್ಲೇಟು ನಿನಗೇನಾದ್ರೂ ಅನ್ಯಾಯ ಮಾಡಿದ್ಯಾ?" ಎಂದು ಕೇಳಿದರು. "ಕಬ್ಬಿಣ ಕಣೋ ಅದು. ನಿನಗೆ ಅವಸರ ಇದೆ ಅಂತ ಅದಕ್ಕೆ ಹೇಗೆ ಗೊತ್ತಾಗ್ಬೇಕು?"

ಆಮೇಲೆ ಹೇಳಿಕೊಟ್ಟರು. ಗುರುತು ಹಾಕಿದ ಜಾಗದಲ್ಲಿ ಮೊದಲು ಚೂಪು ತುದಿಯ ಪಂಚ್ ಇಟ್ಟು ಸುತ್ತಿಗೆಯಿಂದ ಒಂದೇ ಏಟು, ಬಿಟ್ ಜಾರದಂತೆ ಅದಕ್ಕೊಂದು ಕುಳಿ ಬೇಕು. ಪ್ಲೇಟನ್ನು ಕೈಯಲ್ಲಿ ಹಿಡಿಯುವ ಧೈರ್ಯ ಬೇಡ, ಎರಡೂ ಕಡೆ ಕ್ಲಾಂಪ್ ಬಿಗಿ. ದೊಡ್ಡ ತೂತು ಬೇಕಾದರೆ ಮೊದಲು ಚಿಕ್ಕದು. ಬಿಟ್ ದಪ್ಪವಾದಷ್ಟೂ ಮಷಿನ್ ನಿಧಾನ ತಿರುಗಬೇಕು, ಹೊಸಬರಿಗೆ ಇದೇ ತಲೆಗೆ ಹತ್ತುವುದಿಲ್ಲ. ಎಣ್ಣೆ ಬಿಡುತ್ತಲೇ ಇರಬೇಕು. ಎರಡೂ ಮಗ್ಗುಲಿನಿಂದ ಸಮನಾಗಿ ಬೆಳ್ಳಿ ಬಣ್ಣದ ಉಕ್ಕಿನ ಸುರುಳಿ ಬಂದರೆ ಬಿಟ್ ಸಾಣೆ ಸರಿಯಾಗಿದೆ ಎಂದರ್ಥ. ಒಂದೇ ಕಡೆ ಬಂದರೆ ಬಿಚ್ಚಿ ಮತ್ತೆ ಸಾಣೆ ಹಿಡಿಯಬೇಕು. ಸುರುಳಿ ಉದ್ದವಾದರೆ ಲಿವರನ್ನು ಒಂದು ಕೂದಲಷ್ಟು ಎತ್ತಿ ತುಂಡರಿಸಬೇಕು. ಬಿಟ್ ಇನ್ನೇನು ಪ್ಲೇಟು ತೂರಿ ಆಚೆ ಬೀಳುತ್ತದೆ ಅನ್ನುವಾಗ ಕೈ ಹಗುರ ಮಾಡಬೇಕು. ಅದು ಕಣ್ಣಿಗೆ ಕಾಣುವುದಿಲ್ಲ, ಅಂಗೈಗೆ ಗೊತ್ತಾಗುತ್ತದೆ, ಕಿವಿಗೆ ಗೊತ್ತಾಗುತ್ತದೆ.

"ಇಷ್ಟೂ ಮರೆತ್ರೆ ಒಂದು ಬಿಟ್ ಹೋಗುತ್ತೆ," ಎಂದರು ಭಾವ ಕೊನೆಗೆ. "ಈಗ ಹೇಳೋದನ್ನ ಮರೆತ್ರೆ ಕೈ ಹೋಗುತ್ತೆ. ತೋಳು ಮಡಚು. ಗಡಿಯಾರ ಬಿಚ್ಚು. ಉಂಗುರ ಬಿಚ್ಚು. ಗ್ಲೌಸ್ ಅಂತೂ ಈ ಮಷಿನ್ ಹತ್ರ ಹಾಕ್ಕೊಂಡು ಬರಲೇಬೇಡ. ಬರಿಗೈ ತಾಗಿದ್ರೆ ಚರ್ಮ ಕಿತ್ತು ಬಿಟ್ಟುಬಿಡುತ್ತೆ. ಗ್ಲೌಸ್ ಸಿಕ್ಕಿದ್ರೆ ಬಿಡೋದಿಲ್ಲ, ಸುತ್ಕೊಂಡು ಕೈನೂ ಜೊತೆಗೆ ಕರ್ಕೊಂಡು ಹೋಗುತ್ತೆ."

ಹೇಳುವುದೊಂದು ಮಾಡುವುದೊಂದು ಎನ್ನುವ ಆಸಾಮಿ ಅಲ್ಲ ಅವರು. ಮದುವೆಯ ಉಂಗುರವನ್ನು ಮೂರನೆಯ ದಿನವೇ ಬಿಚ್ಚಿಟ್ಟು ಕೆಲಸಕ್ಕೆ ಹೋದವರು ಮತ್ತೆ ಅದನ್ನು ಮುಟ್ಟಲಿಲ್ಲ. ಅಕ್ಕ ಅದಕ್ಕಾಗಿ ಮೂರು ತಿಂಗಳು ಮುಖ ಊದಿಸಿಕೊಂಡಿದ್ದಳು. ಚಳಿಗಾಲದ ಬೆಳಿಗ್ಗೆ ಲಿವರ್ ಮಂಜುಗಡ್ಡೆಯಾಗಿದ್ದರೂ ಬರಿಗೈಯಲ್ಲೇ ಹಿಡಿಯುತ್ತಿದ್ದರು. ಕಾರ್ಖಾನೆಗೆ ಯಾರೇ ಹೊಸಬ ಬರಲಿ, ಭಾವನ ಬಾಯಿಂದ ಈ ಪಾಠ ಕೇಳದೆ ಅವನ ಮೊದಲ ದಿನ ಮುಗಿಯುತ್ತಿರಲಿಲ್ಲ. ಕೇಳಿ ಕೇಳಿ ಹಳಬರು ಅವರ ಹಿಂದೆಯೇ ನಿಂತು ಬಾಯಾಡಿಸಿ ಅಣಕಿಸುತ್ತಿದ್ದರು.

ಹದಿನೈದು ವರ್ಷದಲ್ಲಿ ಭಾಮೈದ ಕೆಟ್ಟ ಕೆಲಸಗಾರನೇನೂ ಆಗಲಿಲ್ಲ, ಆದರೆ ಭಾವನ ಕೈ ಅವನಿಗೆ ಬರಲಿಲ್ಲ. ಭಾವ ಕೊರೆದ ತೂತಿನೊಳಗೆ ಬೆರಳಾಡಿಸಿದರೆ ಗಾಜಿನ ಲೋಟದ ಒಳಮೈ ಮುಟ್ಟಿದ ಹಾಗಿರುತ್ತಿತ್ತು. ಇವನದು ಅಳತೆಗೆ ಸರಿ, ಅದಕ್ಕಿಂತ ಹೆಚ್ಚು ಹೇಳುವಂಥದ್ದೇನಿಲ್ಲ. ಹಾಗಿದ್ದೂ ಹಳೆಯ ಫೋರ್‌ಮನ್ ನಿವೃತ್ತನಾದಾಗ ಆ ಕುರ್ಚಿ ಸಿಕ್ಕಿದ್ದು ಇವನಿಗೆ. ಇವನ ಅಕ್ಷರ ದುಂಡಗಿತ್ತು. ಮ್ಯಾನೇಜರ್ ಏನು ಹೇಳಿದರೂ "ಆಯ್ತು ಸಾರ್" ಅನ್ನುವ ನಾಲಿಗೆ ಅಕ್ಷರಕ್ಕಿಂತ ದುಂಡಗಿತ್ತು. ಮೊದಲು ಭಾವನನ್ನೇ ಕೇಳಿದ್ದರಂತೆ. ಅವರು "ಕುರ್ಚಿ ಮೇಲೆ ಕೂತ್ರೆ ನನಗೆ ಸೊಂಟ ಹಿಡ್ಕೊಳ್ಳುತ್ತೆ" ಎಂದು ನಕ್ಕು ತಪ್ಪಿಸಿಕೊಂಡಿದ್ದರು. ಅದು ನಿಜವೋ, ಭಾಮೈದನಿಗೆ ಸಿಗಲೆಂದು ಹೂಡಿದ ಆಟವೋ, ಅವನು ಕೇಳಲು ಹೋಗಲಿಲ್ಲ. ಕೇಳಿದರೆ ಉಪಕಾರದ ಭಾರ ಹೊರಬೇಕಾಗುತ್ತಿತ್ತು.

ಅವತ್ತಿನಿಂದ ಭಾವ ಕಾರ್ಖಾನೆಯೊಳಗೆ ಅವನನ್ನು "ಫೋರ್‌ಮನ್ನರೇ" ಎಂದೇ ಕರೆಯತೊಡಗಿದರು. ಎಲ್ಲರೂ ನಗುತ್ತಿದ್ದರು, ಅವನೂ ನಗುತ್ತಿದ್ದ. ತಮಾಷೆಗೆ ಕರೆದರೂ ಒಳಗೊಳಗೇ ಹಿತವಾಗುತ್ತಿತ್ತು. ಅವನೂ ಅಲ್ಲಿ ಭಾವ ಎನ್ನುವುದನ್ನು ಬಿಟ್ಟ. ಕುರ್ಚಿಗೆ ಒಂದು ಮರ್ಯಾದೆ ಬೇಡವೇ? ಕುರ್ಚಿ ಸಿಕ್ಕಿ ಎಂಟು ತಿಂಗಳಾಗಿದ್ದರೂ ಕೂರುವ ಮೊದಲು ಇನ್ನೂ ಅದರ ಧೂಳು ಒರೆಸುತ್ತಿದ್ದ.

ಅಷ್ಟರಲ್ಲಿ ಬಂತು ಗ್ರಹಚಾರ, ಕೋಟು ಹಾಕಿಕೊಂಡು. ಕಾರ್ಖಾನೆಗೆ ಕೆಲಸ ಕೊಡುವ ದೊಡ್ಡ ಕಂಪನಿಯಿಂದ ಮೂವರು ಬರುತ್ತಾರೆ, ಕೆಲಸಗಾರರು ಎಷ್ಟು ಸುರಕ್ಷಿತವಾಗಿದ್ದಾರೆ ಎಂದು ನೋಡಿಕೊಂಡು ಹೋಗುತ್ತಾರೆ ಎಂದು ಪತ್ರ ಬಂತು. ಅಲ್ಲಿಯವರೆಗೆ ಯಾರ ತಲೆ ಒಡೆದರೂ ತಲೆ ಕೆಡಿಸಿಕೊಳ್ಳದ ಮ್ಯಾನೇಜರ್ ಎರಡೇ ದಿನದಲ್ಲಿ ಸುರಕ್ಷತೆಯ ಪಂಡಿತನಾಗಿಬಿಟ್ಟ. ನೆಲಕ್ಕೆ ಹಳದಿ ಗೆರೆ ಎಳೆಸಿದ. ಕೆಟ್ಟು ಬಿದ್ದಿದ್ದ ಬೆಂಕಿ ಆರಿಸುವ ಡಬ್ಬಿಗಳಿಗೆ ಕೆಂಪು ಬಣ್ಣ ಬಳಿಸಿದ. ಪೆಟ್ಟಿಗೆಗಟ್ಟಲೆ ಕೈಗವಸು ತರಿಸಿದ. ಹತ್ತಿಯ ಬೂದು ಕೈಗವಸು, ಅಂಗೈಗೆ ರಬ್ಬರು, ಎಲ್ಲವೂ ಒಂದೇ ಅಳತೆ, ಅದೂ ಯಾರೋ ರಾಕ್ಷಸನ ಕೈ ನೋಡಿ ಹೊಲಿದ ಹಾಗೆ.

"ನಾಳೆ ಅವರು ಬಂದಾಗ ಒಂದೇ ಒಂದು ಬರಿಗೈ ನನ್ನ ಕಣ್ಣಿಗೆ ಬೀಳಬಾರದು," ಎಂದ ಮ್ಯಾನೇಜರ್.

"ಸಾರ್, ಡ್ರಿಲ್ಲಿಂಗ್ ಮಷಿನ್ ಹತ್ರ ಮಾತ್ರ ಗ್ಲೌಸ್..."

"ಒಂದೇ ಒಂದು ಬರಿಗೈ."

"ಅಲ್ಲಿ ಹಾಕಬಾರದು ಅಂತ ಸಾರ್..."

ಮ್ಯಾನೇಜರ್ ಫೈಲಿನಿಂದ ತಲೆಯೆತ್ತಿದ. "ನಿಮ್ಮ ಕೈಲಿ ಆಗಲ್ಲ ಅಂದ್ರೆ ಹೇಳಿಬಿಡಿ. ಆಗೋರನ್ನ ಕೂರಿಸ್ತೀನಿ."

"ಆಯ್ತು ಸಾರ್," ಎಂದ ಫೋರ್‌ಮನ್. ಒಂದೂವರೆ ಮಾತು ವಿರೋಧಿಸಿದ್ದೆನಲ್ಲ ಎಂದು ಆ ಒಂದೂವರೆ ಮಾತನ್ನು ಅವನು ಆಮೇಲೆ ಎಷ್ಟು ದಿನ ಎದೆಗವುಚಿಕೊಂಡು ತಿರುಗಿದನೋ ಲೆಕ್ಕವಿಲ್ಲ.

ಮರುದಿನ ಬೆಳಿಗ್ಗೆ ಎಲ್ಲರೂ ಕೈಗವಸು ಹಾಕಿಕೊಂಡರು. ಡ್ರಿಲ್ಲಿಂಗ್ ಮಷಿನ್ ಮೂರಿದ್ದವು. ಭಾವನನ್ನು ಬಿಟ್ಟು ಉಳಿದಿಬ್ಬರು ಜಾಣರು, ಕೈಗವಸು ಹಾಕಿಕೊಂಡು, ಮಷಿನ್ ನಿಲ್ಲಿಸಿ, ಅದೇ ಪ್ಲೇಟನ್ನು ಹಿಂದೆ ಮುಂದೆ ಅಳೆಯುತ್ತಾ ನಿಂತರು. ಭಾವನಿಗೆ ಆ ದಾರಿಯೂ ಇರಲಿಲ್ಲ. ಬರುವವರು ತಮ್ಮದೇ ಕೆಲಸ ನಡೆಯುವುದನ್ನು ನೋಡಬೇಕೆಂದು ಹೇಳಿ ಕಳಿಸಿದ್ದರು, ಅವರ ಪ್ಲೇಟು ಇದ್ದದ್ದು ಭಾವನ ಮಷಿನ್ ಮೇಲೆ. ಹೆಬ್ಬೆರಳಿನಷ್ಟು ದಪ್ಪದ ಉಕ್ಕಿನ ಪ್ಲೇಟು, ಅದಕ್ಕೆ ಐದು ತೂತು.

ಭಾವ ಕೈಗವಸನ್ನು ಎರಡು ಬೆರಳಲ್ಲಿ ಎತ್ತಿ ಹಿಡಿದರು. "ಫೋರ್‌ಮನ್ನರೇ, ಇದನ್ನ ತಗೊಂಡು ಹೋಗಿ ನಿಮ್ಮ ಸಾಹೇಬರ ಕಿವಿಗೆ ಹಾಕಿ. ಚಳಿ ಆಗ್ತಿರಬಹುದು."

ಸುತ್ತಲಿದ್ದವರು ನಕ್ಕರು. ಫೋರ್‌ಮನ್ನಿಗೆ ನಗು ಬರಲಿಲ್ಲ. ಗೇಟಿನ ಹತ್ತಿರ ಕಾರು ನಿಂತ ಸದ್ದಾಗಿತ್ತು. ಅವನು ಮಷಿನ್ನಿನ ಮಗ್ಗುಲಿಗೆ ಬಂದು ದನಿ ತಗ್ಗಿಸಿದ.

"ಭಾವ, ಒಂದೇ ಒಂದು ಗಂಟೆ. ಅವರು ನೋಡ್ಕೊಂಡು ಹೋಗಿಬಿಡ್ತಾರೆ. ಆಮೇಲೆ ಬಿಸಾಕಿ."

ಕಾರ್ಖಾನೆಯೊಳಗೆ ಎಂಟು ತಿಂಗಳ ಮೇಲೆ ಭಾವ ಎನ್ನುವ ಮಾತು ಬಂದದ್ದು ಅವರ ಕಿವಿಗೂ ಬಿತ್ತು. ಅವರು ನಗುವುದನ್ನು ನಿಲ್ಲಿಸಿದರು.

"ಇದನ್ನ ನಿನಗೆ ಹೇಳ್ಕೊಟ್ಟಿದ್ದು ನಾನೇ ಅಲ್ವೇನೋ?"

"ಹೌದು ಭಾವ."

"ಗೊತ್ತಿದ್ದೂ ಹೇಳ್ತಿದೀಯಾ?"

"ನನ್ನ ಕೆಲಸದ ಪ್ರಶ್ನೆ ಭಾವ. ಒಂದೇ ಒಂದು ಬರಿಗೈ ಕಂಡ್ರೂ ನನ್ನ ಕಿತ್ತು ಹಾಕ್ತಾರೆ." ಆಮೇಲೆ ಒಂದು ಮಾತು ಸೇರಿಸಿದ. ಅದನ್ನು ಯಾಕಾದರೂ ಸೇರಿಸಿದೆನೋ ಎಂದು ಮುಂದೆ ಹಲ್ಲು ಕಚ್ಚಿಕೊಂಡ. "ನಿಮ್ಮ ಕೈ ಎಲ್ಲಾದ್ರೂ ತಪ್ಪುತ್ತಾ? ನಿಮಗೇನಾಗುತ್ತೆ?"

ಭಾವ ಅವನ ಮುಖ ನೋಡಿದರು. ಆಮೇಲೆ, ಮಕ್ಕಳು ಹಟ ಹಿಡಿದರೆ ದೊಡ್ಡವರು ಕಾಗದದ ಟೋಪಿ ಹಾಕಿಕೊಳ್ಳುವ ಹಾಗೆ, ಆ ಬೂದು ಕೈಗವಸಿಗೆ ಎರಡೂ ಕೈ ತೂರಿಸಿದರು. ಬೆರಳ ತುದಿಯಲ್ಲಿ ಒಂದೊಂದು ಅಂಗುಲ ಖಾಲಿ ಬಟ್ಟೆ ಜೋತುಬಿತ್ತು. ಫೋರ್‌ಮನ್ ಅದನ್ನು ನೋಡಿದ, ನೋಡಿಯೇ ಗೇಟಿನ ಕಡೆ ಓಡಿದ.

ಮೂರು ತೂತು ಸರಿಯಾಗಿಯೇ ಬಿದ್ದವು. ಬಂದವರು ತಲೆಯಾಡಿಸಿದರು. ಒಬ್ಬ ಏನೋ ಬರೆದುಕೊಂಡ. ಫೋರ್‌ಮನ್ ಆರು ಹೆಜ್ಜೆ ದೂರದಲ್ಲಿ ನಿಂತು, ತನಗೇ ಗುರುತು ಸಿಗದಂಥ ಸಕ್ಕರೆ ದನಿಯಲ್ಲಿ ಅವರಿಗೆ ವಿವರಿಸುತ್ತಿದ್ದ. ನಮ್ಮ ಅತ್ಯಂತ ಅನುಭವಿ ಕೆಲಸಗಾರ, ಇಪ್ಪತ್ತೆರಡು ವರ್ಷದಲ್ಲಿ ಒಂದು ಗೀರೂ ಆಗಿಲ್ಲ ಎಂದೆಲ್ಲ. ನಾಲ್ಕನೆಯದಕ್ಕೆ ಭಾವ ಬಿಟ್ ಇಳಿಸಿದರು. ಬಲಗೈ ಲಿವರ್ ಮೇಲೆ, ಎಡಗೈಯಲ್ಲಿ ಎಣ್ಣೆಯ ಡಬ್ಬಿ. ರಬ್ಬರಿನ ಮೂಲಕ ಲಿವರ್ ಏನು ಹೇಳುತ್ತಿದೆಯೆಂದು ಅವರ ಅಂಗೈಗೆ ತಿಳಿಯಲಿಲ್ಲವೋ ಏನೋ, ಎತ್ತಬೇಕಾದ ಹೊತ್ತಿಗೆ ಲಿವರ್ ಎತ್ತಲಿಲ್ಲ. ಸುರುಳಿ ತುಂಡಾಗದೆ ಉದ್ದಕ್ಕೆ ಬೆಳೆಯುತ್ತಾ ಬಂದು ಗಿರ್ರನೆ ಬೀಸಿತು, ಎಡಗೈಯ ಬೆರಳ ತುದಿಯಲ್ಲಿ ಜೋತು ಬಿದ್ದಿದ್ದ ಬಟ್ಟೆಗೆ ಸಿಕ್ಕಿಕೊಂಡಿತು.

ಕಿರುಚಿದ್ದು ಭಾವ ಅಲ್ಲ, ಮಷಿನ್. ಆ ದನಿ ಬದಲಾದದ್ದು ಎಲ್ಲರಿಗಿಂತ ಮೊದಲು ಗೊತ್ತಾದದ್ದು ಫೋರ್‌ಮನ್ನಿಗೆ. ಕಿವಿಗೊಟ್ಟು ಕೇಳುವುದನ್ನು ಅವನಿಗೆ ಭಾವನೇ ಕಲಿಸಿದ್ದರು. ಆದರೆ ಆರು ಹೆಜ್ಜೆ ದೂರದಲ್ಲೇ ನಿಂತಿದ್ದ. ಕೆಂಪು ಗುಂಡಿಯನ್ನು ಬಲಗೈ ಚಾಚಿ ಒತ್ತಿದ್ದು ಭಾವನೇ.

ಹೆಬ್ಬೆರಳು ಹೋಯಿತು, ಅದರ ಮಗ್ಗುಲಿನ ಎರಡು ಬೆರಳು ಹೋದವು. ಉಳಿದೆರಡು ಬೆರಳಿನಿಂದ ಏನು ಹಿಡಿಯಲು ಸಾಧ್ಯ? ಹಾಲಿನ ಪಾತ್ರೆಯನ್ನೂ ಹಿಡಿಯಲಾಗದು. ಭಾವನನ್ನು ಆಸ್ಪತ್ರೆಗೆ ಸಾಗಿಸಿದ ಅರ್ಧ ಗಂಟೆಯೊಳಗೆ ಡ್ರಿಲ್ಲಿಂಗ್ ವಿಭಾಗದ ಕೈಗವಸಿನ ಪೆಟ್ಟಿಗೆಗಳು ಮಾಯವಾದವು. ಸಂಜೆಯ ಹೊತ್ತಿಗೆ ಗೋಡೆಯ ಮೇಲೆ ಹೊಸ ಬೋರ್ಡು ಬಂದಿತ್ತು: 'ಇಲ್ಲಿ ಕೈಗವಸು ಧರಿಸುವುದು ನಿಷಿದ್ಧ.' ಬಣ್ಣ ಇನ್ನೂ ಆರಿರಲಿಲ್ಲ. ಆದರೂ ಬೋರ್ಡಿಗೆ ಒಂದಿಷ್ಟು ಗ್ರೀಸು ಸವರಿ ಹಳೆಯದರಂತೆ ಮಾಡಲು ಯಾರಿಗೋ ಬುದ್ಧಿ ಓಡಿತ್ತು.

ಮೂರು ವಾರದ ಮೇಲೆ ವಿಚಾರಣೆ ಎಂದು ನಿಗದಿಯಾಯಿತು. ಹಿಂದಿನ ದಿನ ಮ್ಯಾನೇಜರ್ ಫೋರ್‌ಮನ್ನನ್ನು ಒಳಗೆ ಕರೆದು ಕೂರಲು ಹೇಳಿದ. ಅವನು ಕೂರಲು ಹೇಳಿದ್ದು ಅದೇ ಮೊದಲು.

"ಪ್ಲೇಟ್ ಎತ್ತೋರಿಗೆ ಗ್ಲೌಸ್ ಹಾಕಿಸಿ ಅಂತ ನಾನು ಹೇಳಿದ್ದು," ಎಂದ.

"ಸಾರ್, ಒಂದೇ ಒಂದು ಬರಿಗೈ ಕಾಣಬಾರದು ಅಂತ ನೀವು..."

"ಬರವಣಿಗೆಯಲ್ಲಿ ಕೊಟ್ಟಿದ್ದೀನಾ?"

"ಇಲ್ಲ ಸಾರ್."

"ಹಾಗಾದ್ರೆ ಅವನಿಗೆ ಹಾಕ್ಕೋ ಅಂತ ಹೇಳಿದ್ದು ಯಾರು? ಯಾರೂ ಹೇಳಿಲ್ಲ ಅಂದ್ರೆ ಅವನಾಗಿ ಹಾಕ್ಕೊಂಡ ಅಂತಾಯ್ತು. ಯಾರಾದ್ರೂ ಹೇಳಿದ್ದಾರೆ ಅಂದ್ರೆ, ಹೇಳಿದೋನು ಮನೆಗೆ ಹೋಗ್ತಾನೆ. ನಿಮಗೆ ಓದೋ ಮಗಳು ಇದ್ದಾಳೆ ಅಲ್ವಾ?" ಎಂದು ಕೇಳಿ ಮ್ಯಾನೇಜರ್ ಅವನಿಗೆ ಟೀ ತರಿಸಿದ. ಅವನು ಕುಡಿದ.

ವಿಚಾರಣೆಯಲ್ಲಿ ಏನು ತೀರ್ಮಾನವಾಗಬೇಕಿತ್ತು ಎಂಬುದು ಅಕ್ಕನಿಗೂ ಗೊತ್ತಿತ್ತು. ಮೇಲಿನವರು ಹೇಳಿದ್ದರಿಂದ ಕೈಗವಸು ಹಾಕಿಕೊಂಡಿದ್ದರೆ ತಪ್ಪು ಕಾರ್ಖಾನೆಯದು, ಭಾವನಿಗೆ ನಿವೃತ್ತಿಯವರೆಗೆ ಸ್ಟೋರಿನಲ್ಲಿ ಕೂತು ಮಾಡುವ ಕೆಲಸ ಕೊಡಲೇಬೇಕು. ತಾನಾಗಿ ಹಾಕಿಕೊಂಡಿದ್ದರೆ ನಿಯಮ ಮುರಿದ ತಪ್ಪು ಅವರದು, ಕೆಲಸ ಹೋಗುತ್ತದೆ. ಒಂದೂವರೆ ಕೈಯ, ಐವತ್ತು ದಾಟಿದ ಮನುಷ್ಯನಿಗೆ ಬೇರೆ ಯಾರು ಕೆಲಸ ಕೊಡುತ್ತಾರೆ? "ಸ್ಟೋರಿನ ಕಿಟಕೀಲಿ ಕೂತ್ಕೊಂಡು ಬಿಟ್ ಎಣಿಸಿ ಕೊಟ್ರೆ ಸಾಕಂತಲ್ಲೋ. ಇವರಿಗೆ ಸೊಂಟ ಹಿಡಿಯುತ್ತೆ, ಒಂದು ದಿಂಬು ಹೊಲಿದುಕೊಡ್ತೀನಿ," ಎಂದು ಅಕ್ಕ ಆಸ್ಪತ್ರೆಯ ಮೆಟ್ಟಿಲ ಮೇಲೆ ತಮ್ಮನಿಗೆ ಹೇಳಿದ್ದಳು.

ವಿಚಾರಣೆಗೆ ಹೊರಗಿನಿಂದ ಬಂದ ಅಧಿಕಾರಿ ಒಬ್ಬ ವಯಸ್ಸಾದ ಹೆಂಗಸು. ಕಾಟಾಚಾರಕ್ಕೆ ಬಂದವರಲ್ಲ. ಮಷಿನ್ ನೋಡಿ ಬಂದಿದ್ದರು, ಬೋರ್ಡಿನ ಬಣ್ಣವನ್ನು ಉಗುರಿನಿಂದ ಕೆರೆದು ಮೂಸಿಯೂ ನೋಡಿದ್ದರು. ಉಳಿದ ಕೆಲಸಗಾರರನ್ನು ಕೇಳಿದರೆ ಅವರು ಮ್ಯಾನೇಜರನ ಭಯಕ್ಕೆ ನಮಗೇನೂ ಗೊತ್ತಿಲ್ಲ ಎಂದಿದ್ದರು. ಮೇಜಿನ ಆಚೆ ಅವರು ಮತ್ತು ಮ್ಯಾನೇಜರ್, ಈಚೆ ಭಾವ, ಎರಡು ಕುರ್ಚಿ ಬಿಟ್ಟು ಫೋರ್‌ಮನ್. ಭಾವನ ಎಡಗೈ ಬ್ಯಾಂಡೇಜಿನ ಉಂಡೆಯಾಗಿ ತೊಡೆಯ ಮೇಲಿತ್ತು.

"ಗ್ಲೌಸ್ ಹಾಕ್ಕೊಳ್ಳಿ ಅಂತ ನಿಮಗೆ ಯಾರು ಹೇಳಿದ್ದು?" ಎಂದು ಆಕೆ ಭಾವನನ್ನು ಕೇಳಿದರು.

"ಯಾರೂ ಹೇಳಲಿಲ್ಲ ಮೇಡಂ. ನಾನೇ ಹಾಕ್ಕೊಂಡೆ."

ಫೋರ್‌ಮನ್ ತಲೆಯೆತ್ತಿದ. ಭಾವ ಬೈಯಬಹುದು, ಬೆರಳು ಮಾಡಿ ತೋರಿಸಬಹುದು ಎಂದು ರಾತ್ರಿಯಿಡೀ ಉತ್ತರ ಹುಡುಕಿಟ್ಟುಕೊಂಡಿದ್ದ. ಅವು ಯಾವುವೂ ಈಗ ಬೇಕಾಗಲಿಲ್ಲ.

"ಇಪ್ಪತ್ತೆರಡು ವರ್ಷ ಹಾಕದೇ ಇದ್ದೋರು ಅವತ್ತೊಂದು ದಿನ ಯಾಕೆ ಹಾಕಿದ್ರಿ?"

"ಬುದ್ಧಿ ಕೆಟ್ಟಿತ್ತು ಮೇಡಂ," ಎಂದು ಹೇಳಿ ಭಾವ ತಿರುಗಿ ಫೋರ್‌ಮನ್ನನ್ನು ನೋಡಿದರು. ದುರುಗುಟ್ಟುವ ನೋಟವಲ್ಲ ಅದು. ಬಿಟ್ ಇನ್ನೇನು ಆಚೆ ಬೀಳುತ್ತದೆ ಎನ್ನುವಾಗ ಕೈ ಹಗುರ ಮಾಡಿ ಕಾಯುತ್ತಾರಲ್ಲ, ಆಗ ಅವರ ಮುಖ ಹೀಗೇ ಇರುತ್ತಿತ್ತು.

ಅಧಿಕಾರಿಗೆ ನಂಬಿಕೆ ಬರಲಿಲ್ಲ. ಕನ್ನಡಕ ತೆಗೆದು ಮೇಜಿನ ಮೇಲಿಟ್ಟು ಫೋರ್‌ಮನ್ನಿನ ಕಡೆ ತಿರುಗಿದರು. "ನೀವು ಹೇಳಿ. ಅವರಿಗೆ ಹಾಕ್ಕೊಳ್ಳಿ ಅಂತ ನೀವು ಹೇಳಿದ್ರಾ? ಅಥವಾ ನಿಮಗೆ ಯಾರಾದ್ರೂ ಹೇಳಿ ಹೇಳಿಸಿದ್ರಾ? ಹೆದರ್ಕೋಬೇಡಿ, ಸಮಾಧಾನವಾಗಿ ಯೋಚ್ನೆ ಮಾಡಿ ಹೇಳಿ."

ಮ್ಯಾನೇಜರ್ ಕಿಟಕಿಯಾಚೆ ನೋಡುತ್ತಿದ್ದ. ಭಾವ ಇನ್ನೂ ಇವನನ್ನೇ ನೋಡುತ್ತಿದ್ದರು. ಫೋರ್‌ಮನ್ನಿಗೆ ಮಗಳು ನೆನಪಾದಳು, ಕುರ್ಚಿ ನೆನಪಾಯಿತು. ನಿಜ ಹೇಳಬೇಕೆಂದರೆ ಕುರ್ಚಿಯೇ ಮೊದಲು ನೆನಪಾದದ್ದು, ಮಗಳನ್ನು ಆಮೇಲೆ ಕರೆದು ಅದರ ಪಕ್ಕ ನಿಲ್ಲಿಸಿಕೊಂಡ. ಭಾವನೇ ಹಾಗೆ ಹೇಳಿಬಿಟ್ಟಿದ್ದಾರೆ, ಈಗ ನಾನು ಅಲ್ಲಗಳೆದರೆ ಅವರನ್ನು ಸುಳ್ಳುಗಾರ ಅಂದ ಹಾಗಾಗುತ್ತದೆ ಎಂಬ ವಿಚಾರವೂ ಬಂತು. ಹೇಡಿಗೆ ಇಂಥ ಹೊತ್ತಲ್ಲಿ ವಿಚಾರಗಳಿಗೇನು ಬರಗಾಲ.

"ಇಲ್ಲ ಮೇಡಂ," ಎಂದ. "ನಾನು ಹೇಳಿಲ್ಲ. ಯಾರೂ ಹೇಳಿಲ್ಲ."

ಭಾವ ಮುಖ ತಿರುಗಿಸಿಕೊಂಡು ಮೇಜನ್ನು ನೋಡತೊಡಗಿದರು. ಅಧಿಕಾರಿ ಒಂದು ಹಾಳೆ ಮುಂದೆ ತಳ್ಳಿ, ಹೇಳಿದ್ದನ್ನು ಬರೆದು ಸಹಿ ಮಾಡಲು ಹೇಳಿದರು. ಅವನು ಬರೆದ. ಒಂದು ಅಕ್ಷರವೂ ವಕ್ರವಾಗಲಿಲ್ಲ.

ಭಾವನನ್ನು ಕೆಲಸದಿಂದ ತೆಗೆದ ಪತ್ರ ಎರಡನೆಯ ವಾರಕ್ಕೆ ಮನೆಗೆ ಹೋಯಿತು. ಮೂರು ಭಾನುವಾರ ಫೋರ್‌ಮನ್ ಅಕ್ಕನ ಮನೆಯ ಬೀದಿಯ ತಿರುವಿನವರೆಗೆ ಹೋಗಿ ಹಿಂದಿರುಗಿದ. ಊಟ ಸೇರಲಿಲ್ಲ. ಕಾರ್ಖಾನೆಯಲ್ಲಿ ಯಾರೂ ಅವನನ್ನು ಏನೂ ಅನ್ನಲಿಲ್ಲ, ಆದರೆ ಅವನು ಬಂದರೆ ಮಾತು ನಿಲ್ಲಿಸಿ ಮಷಿನ್ ಹಾಕುತ್ತಿದ್ದರು. ನಾಲ್ಕನೆಯ ಭಾನುವಾರ ಗಟ್ಟಿ ಮನಸ್ಸು ಮಾಡಿದ. ಅಕ್ಕನಿಗೆ ಎಲ್ಲವನ್ನೂ ಹೇಳಿಬಿಡುತ್ತೇನೆ, ಬೈಯಲಿ, ಹೊಡೆಯಲಿ, ಮುಖಕ್ಕೆ ಉಗಿಯಲಿ. ಅವಳು ಬೇಕಾದರೆ ಆ ಅಧಿಕಾರಿಯ ಹತ್ತಿರ ನನ್ನನ್ನು ಎಳೆದುಕೊಂಡು ಹೋಗಲಿ. ಹಾಗೆಂದುಕೊಂಡ ಮೇಲೆ ಅವತ್ತು ಮಧ್ಯಾಹ್ನ ಹೊಟ್ಟೆ ತುಂಬ ಉಂಡ.

ಬಾಗಿಲು ತೆರೆದ ಅಕ್ಕ ಅವನನ್ನು ನೋಡಿದ್ದೇ ಕೈ ಹಿಡಿದು ಒಳಗೆಳೆದುಕೊಂಡಳು.

"ಎಷ್ಟು ದಿನ ಆಯ್ತೋ ನಿನ್ನ ಮುಖ ನೋಡಿ! ಎಷ್ಟು ಇಳಿದು ಹೋಗಿದೀಯ. ನಮ್ಮ ಚಿಂತೇಲಿ ನೀನ್ಯಾಕೆ ಸಾಯ್ತೀಯ? ನೀನು ಅಷ್ಟು ಹೇಳಿದ್ದೇ ದೊಡ್ಡದು. ವಿಚಾರಣೆ ಆದ ದಿನವೇ ಇವರು ಎಲ್ಲಾ ಹೇಳಿದ್ರು."

"ಏನು ಹೇಳಿದ್ರು ಅಕ್ಕ?"

"ಆ ಮೇಡಂ ಮುಂದೆ ಎಷ್ಟು ವಾದ ಮಾಡಿದ್ಯಂತೆ ಇವರ ಪರವಾಗಿ. ಕೆಲಸದಿಂದ ತೆಗೀಬೇಡಿ ಅಂತ ಕೈ ಮುಗಿದ್ಯಂತೆ. ಏನ್ಮಾಡೋದು, ಇವರೇ ಬಾಯಿಬಿಟ್ಟು ತಪ್ಪು ಒಪ್ಕೊಂಡ ಮೇಲೆ ನೀನು ತಾನೇ ಏನ್ಮಾಡ್ತೀಯ?"

ಅವನು ಕೋಣೆಯ ಒಳಕ್ಕೆ ನೋಡಿದ. ಭಾವ ಕಿಟಕಿಯ ಪಕ್ಕ ಕೂತು ಬಲಗೈಯಿಂದ ಅಂಗಿಯ ಗುಂಡಿ ಹಾಕಿಕೊಳ್ಳುವುದನ್ನು ರೂಢಿ ಮಾಡಿಕೊಳ್ಳುತ್ತಿದ್ದರು. ನಾಲ್ಕನೆಯದು ಕೂಡಲಿಲ್ಲ. ಬಿಟ್ಟು ಮತ್ತೆ ಹಿಡಿದರು.

"ಅಲ್ಲಾ, ಊರಿಗೆಲ್ಲಾ ಬುದ್ಧಿ ಹೇಳ್ತಿದ್ದೋರು," ಎಂದು ಅಕ್ಕ ಅವನಿಗೆ ಹೇಳುತ್ತಲೇ ಇದ್ದಳು. "ನನ್ನ ಕೈಗೆ ಬಳೆ ಸಡಿಲವಾದ್ರೂ ಮಷಿನ್ ಕಥೆ ಹೇಳಿ ಹೆದರಿಸ್ತಿದ್ರು. ಅವತ್ತು ಇವರಿಗೆ ಏನು ಬಡಿದಿತ್ತೋ. ಬಂದೋರ ಮುಂದೆ ಚೆಂದ ಕಾಣ್ಬೇಕು ಅಂತ ಹಾಕ್ಕೊಂಡ್ರಂತೆ! ಈ ವಯಸ್ಸಲ್ಲಿ ಚೆಂದ ಬೇಕಿತ್ತಾ? ಕೇಳಿದ್ರೆ ಗೋಡೆ ನೋಡ್ತಾರೆ. ಇರು, ಕಾಫಿ ತರ್ತೀನಿ."

ಅವಳು ಅಡುಗೆಮನೆಗೆ ಹೋದಳು. ಪಾತ್ರೆಯ ಸದ್ದಾಯಿತು. ಫೋರ್‌ಮನ್ ಭಾವನ ಎದುರಿನ ಮಂಚದ ಅಂಚಿನಲ್ಲಿ ಕೂತ.

"ಭಾವ, ಇವತ್ತು ಅಕ್ಕನಿಗೆ ಹೇಳಿಬಿಡ್ತೀನಿ. ಅದಕ್ಕೇ ಬಂದಿದ್ದು."

ಭಾವ ಗುಂಡಿ ಬಿಟ್ಟರು.

"ನಾನು ಅಲ್ಲಿ ಯಾಕೆ ಹಾಗೆ ಹೇಳಿದೆ ಗೊತ್ತೇನೋ?" ಎಂದರು ಮೆಲ್ಲಗೆ. "ನಿನ್ನ ಹೆಸರು ನನ್ನ ಬಾಯಲ್ಲಿ ಬರೋದು ಬೇಡ ಅಂತ. ನೀನೇ ಎದ್ದು ನಿಂತು 'ಇಲ್ಲ, ನಾನೇ ಹೇಳಿ ಹಾಕಿಸಿದ್ದು' ಅಂತೀಯ ಅಂತ. ಅಷ್ಟೂ ನಂಬಿದ್ದೆ ಕಣೋ. ಆ ಹೆಂಗಸು ನಿನ್ನ ಕೇಳಿದಾಗ ನನಗೆ ಸಮಾಧಾನವೇ ಆಯ್ತು, ಇನ್ನೇನು ಹೇಳಿಬಿಡ್ತಾನೆ ಅಂತ."

"ತಪ್ಪಾಯ್ತು ಭಾವ." ಅವನು ಮುಂದಕ್ಕೆ ಬಾಗಿದ. "ಅದಕ್ಕೇ ಈಗ ಹೇಳ್ತೀನಿ. ಆ ಮೇಡಂ ಹತ್ರಾನೂ ಹೋಗ್ತೀನಿ."

"ಸಹಿ ಮಾಡಿ ಕೊಟ್ಟಿದೀಯ. ಅಷ್ಟು ಚೆನ್ನಾಗಿ ಬರೆದುಕೊಟ್ಟಿದ್ದನ್ನ ಈಗ ಸುಳ್ಳು ಅಂದ್ರೆ ಯಾರು ಕೇಳ್ತಾರೆ? ನನ್ನ ಕೆಲಸ ಬರಲ್ಲ, ನಿನ್ನದೂ ಹೋಗುತ್ತೆ, ಅಷ್ಟೇ."

"ಅಕ್ಕನಿಗಾದ್ರೂ..."

"ಬೇಡ." ಭಾವನ ದನಿ ಏರಲಿಲ್ಲ. "ಅವಳಿಗೆ ಹೇಳಿದ್ರೆ ನಿನಗೆ ಹಗುರ ಆಗುತ್ತೆ. ಅವಳಿಗೇನಾಗುತ್ತೆ? ತವರು ಅಂತ ಅವಳಿಗೆ ಇರೋದು ನೀನೊಬ್ಬ. ಗಂಡನ ಕೈ ಹೋಯ್ತು. ತಮ್ಮನೂ ಹೋಗ್ಬೇಕಾ? ನನ್ನ ಬೈಕೊಂಡು, ನಿನ್ನ ನೆನೆಸ್ಕೊಂಡು ಹೇಗೋ ದಿನ ತಳ್ತಿದ್ದಾಳೆ. ಅದನ್ನ ಕಿತ್ಕೋಬೇಡ."

"ಹಾಗಾದ್ರೆ ನಾನೇನು ಮಾಡ್ಲಿ ಭಾವ?"

"ಬರ್ತಾ ಹೋಗ್ತಾ ಇರು. ಅವಳು ಒಳ್ಳೇ ಮಾತು ಹೇಳಿದಾಗ ಕೂತು ಕೇಳು. ನೀನು ಮಾಡೋದು ಅದೊಂದೇ ಬಾಕಿ ಇರೋದು."

ಭಾವ ಮತ್ತೆ ಗುಂಡಿ ಹಿಡಿದರು. ಫೋರ್‌ಮನ್ನಿಗೆ ಎದ್ದು ಓಡಿಹೋಗಬೇಕೆನಿಸಿತು, ಅವರ ಕಾಲು ಹಿಡಿಯಬೇಕೆನಿಸಿತು. ಎರಡನ್ನೂ ಮಾಡಲಿಲ್ಲ. ಅಷ್ಟರಲ್ಲಿ ಅಕ್ಕ ಕಾಫಿ ತಂದಳು. ತಮ್ಮನ ಕೈಗೆ ಲೋಟ ಕೊಟ್ಟಳು, ಗಂಡನದನ್ನು ಕಿಟಕಿಯ ಕಟ್ಟೆಯ ಮೇಲೆ ಅವರ ಬಲಗಡೆಗೆ ಇಟ್ಟಳು. ಆಮೇಲೆ ಸೊಂಟಕ್ಕೆ ಕೈ ಕೊಟ್ಟು ಇಬ್ಬರ ನಡುವೆ ನಿಂತಳು.

"ನೋಡು, ಹೀಗೇ. ದಿನಾ ಹೀಗೇ ಕೂತಿರ್ತಾರೆ. ಒಂದು ಮಾತಿಲ್ಲ ಕಥೆಯಿಲ್ಲ. ನಾನೇನೋ ಕೋಪದಲ್ಲಿ ಬೈತೀನಿ, ನಿಜ. ಆದ್ರೆ ಇವರು ತಪ್ಪು ಮಾಡಿದೆ ಅಂತ ಮನಸ್ಸಲ್ಲೇ ಇಟ್ಕೊಂಡು ಕೊರಗ್ತಿದ್ದಾರೆ ಅನ್ನಿಸುತ್ತೆ ಕಣೋ." ಅವಳ ದನಿ ಒಡೆಯಿತು. "ನನ್ನ ಮಾತಿಗೆ ಬೆಲೆ ಇಲ್ಲ. ನೀನು ಅವರ ಫೋರ್‌ಮನ್ನು, ನೀನು ಹೇಳಿದ್ರೆ ಕೇಳ್ತಾರೆ. ಒಂದು ಸಮಾಧಾನದ ಮಾತು ಹೇಳೋ."

ಫೋರ್‌ಮನ್ ಲೋಟದೊಳಗೆ ನೋಡಿದ. "ನಾನೇನು ಹೇಳ್ಲಿ ಅಕ್ಕ?"

"ಹೇಳು, ನಿಮ್ಮ ತಪ್ಪನ್ನ ಯಾರೂ ಮನಸ್ಸಲ್ಲಿ ಇಟ್ಕೊಂಡಿಲ್ಲ ಅಂತ. ನೀನೂ ಇಟ್ಕೊಂಡಿಲ್ಲ ಅಂತ. ಅಷ್ಟು ಹೇಳಕ್ಕೆ ನಿನಗೇನು ಕಷ್ಟ?"

ಭಾವ ಗುಂಡಿಯಿಂದ ಕಣ್ಣೆತ್ತಿ ಅವನನ್ನು ನೋಡಿದರು. ಅಕ್ಕನೂ ನೋಡುತ್ತಿದ್ದಳು. ಅವಳ ಕಣ್ಣು ತುಂಬಿತ್ತು.

"ಹೋಗ್ಲಿ ಬಿಡಿ ಭಾವ," ಎಂದ ಅವನು. ಮಾತು ಸಲೀಸಾಗಿ ಬಂದದ್ದು ಕಂಡು ಅವನಿಗೇ ಅಸಹ್ಯವಾಯಿತು. "ತಪ್ಪು ಎಲ್ಲರೂ ಮಾಡ್ತಾರೆ. ನಾವ್ಯಾರೂ ನಿಮ್ಮ ಮೇಲೆ ಬೇಜಾರು ಮಾಡ್ಕೊಂಡಿಲ್ಲ. ನಾನಂತೂ ಅವತ್ತೇ ಮರೆತುಬಿಟ್ಟೆ."

"ಒಳ್ಳೇದಪ್ಪ," ಎಂದರು ಭಾವ.

ಎಷ್ಟೋ ದಿನಗಳ ಮೇಲೆ ಗಂಡನ ಬಾಯಿಂದ ಮಾತು ಹೊರಟದ್ದು ಕೇಳಿ ಅಕ್ಕನ ಮುಖ ಅರಳಿತು. "ನೋಡಿದ್ರಾ, ನನ್ನ ತಮ್ಮನ ಮನಸ್ಸು ಎಷ್ಟು ದೊಡ್ಡದು!" ಎಂದು ಕಣ್ಣೊರೆಸಿಕೊಂಡು, ಒಳಗಿನಿಂದ ಪಾತ್ರೆ ತಂದು ಅವನ ಲೋಟಕ್ಕೆ ಇನ್ನೂ ಒಂದಿಷ್ಟು ಕಾಫಿ ಬಗ್ಗಿಸಿದಳು. ಅವನು ಬೇಡವೆನ್ನದೆ ಕುಡಿದ.